ಎಪ್ಪತ್ತೊಂದು ಪೈಸೆ ಬಡ್ಡಿ

ನಮ್ಮ ಕಡೂರು ಸೀಮೆಯಲ್ಲಿ ಬಡ್ಡಿಯನ್ನು ಪರ್ಸೆಂಟಿನಲ್ಲಿ ಹೇಳಿದರೆ ಯಾರ ಕಿವಿಗೂ ಇಳಿಯುವುದಿಲ್ಲ. ‘ಎರಡು ರೂಪಾಯಿ ಬಡ್ಡಿ’, ‘ಒಂದೂವರೆ ರೂಪಾಯಿ ಬಡ್ಡಿ’ ಎಂದರೆ ತಟ್ಟನೆ ತಲೆಗೆ ಹತ್ತುತ್ತದೆ. ನೂರು ರೂಪಾಯಿಗೆ ತಿಂಗಳಿಗೆ ಇಷ್ಟು. ಮಗಳ ಮದುವೆಗೆ ತಂದದ್ದು, ಬೋರ್ ಕೊರೆಸಲು ತಂದದ್ದು, ಆ ಬೋರ್ ಫೇಲಾದ ಮೇಲೆ ಇನ್ನೊಂದು ಕೊರೆಸಲು ತಂದದ್ದು, ಎಲ್ಲಕ್ಕೂ ಇದೇ ಲೆಕ್ಕ. ಎರಡು ರೂಪಾಯಿ ಬಡ್ಡಿಯೆಂದರೆ ವರ್ಷಕ್ಕೆ ಶೇ 24 ಎಂದು ಯಾರೂ ಗುಣಿಸುವುದಿಲ್ಲ. ಗುಣಿಸಿದರೆ ಸಾಲ ತರಲು ಧೈರ್ಯ ಬರುವುದಿಲ್ಲ.

ಹೀಗಿರುವಾಗ ಪಕ್ಕದ ಮನೆ ಮೇಷ್ಟ್ರಿಗೆ ಅವರ ಅಕ್ಕನ ಮಗ ಅಜ್ಜಂಪುರದಿಂದ ಫೋನ್ ಮಾಡಿದ. “ಮಾವ, ಬ್ಯಾಂಕಿನೋರು ಎಂಟೂವರೆ ಪರ್ಸೆಂಟಿಗೆ ಮನೆ ಸಾಲ ಕೊಡ್ತಾರಂತೆ. ತಗೊಳ್ಳಲಾ?” ಮೇಷ್ಟ್ರು ಹೈಸ್ಕೂಲಿನಲ್ಲಿ ಗಣಿತ ಕಲಿಸಿ ನಿವೃತ್ತರಾದವರು. ಬಾಯಲ್ಲೇ ಹನ್ನೆರಡರಿಂದ ಭಾಗಿಸಿದರು. ಫೋನಿಟ್ಟವರೇ ನಮ್ಮಿಬ್ಬರ ಮನೆಗಳ ನಡುವಿನ ದಾಸವಾಳದ ಬೇಲಿಯ ಹತ್ತಿರ ಬಂದು ಘೋಷಿಸಿದರು: “ಎಪ್ಪತ್ತೊಂದು ಪೈಸೆ ಬಡ್ಡಿ ಕಣ್ರೀ! ಪೈಸೆ ಲೆಕ್ಕ! ನಮ್ಮಪ್ಪನಿಗೆ ಈ ರೇಟಿಗೆ ಯಾರಾದ್ರೂ ಕೊಟ್ಟಿದ್ದಿದ್ರೆ ಊರಿನ ಅರ್ಧ ತೋಟ ನಮ್ಮದೇ ಆಗಿರ್ತಿತ್ತು.”

ನಾನು ಹೂಗುಟ್ಟಿದೆ. ನನಗೆ ಲೆಕ್ಕ ಅಷ್ಟಾಗಿ ಬಾರದು. ಬೇಲಿಯ ಈಚೆ ನಿಂತು ಹೂಗುಟ್ಟುವುದು ಚೆನ್ನಾಗಿ ಬರುತ್ತದೆ.

ಮಾರನೆಯ ಬೆಳಿಗ್ಗೆ ಮೇಷ್ಟ್ರು ಒಂದು ಹಳೆಯ ಲಗ್ನಪತ್ರಿಕೆ ಹಿಡಿದುಕೊಂಡು ಬಂದರು. ಮುಂದುಗಡೆ ಗಣಪತಿ, ಹಿಂದುಗಡೆ ಪೂರ್ತಿ ಲೆಕ್ಕ. ಮುಖದಲ್ಲಿ ನಿನ್ನೆಯ ಗೆಲುವು ಇರಲಿಲ್ಲ. “ಪೈಸೆ ಸರಿಯಾಗೇ ಇದೆ ರೀ. ತಿಂಗಳೇ ಜಾಸ್ತಿ. 240 ತಿಂಗಳು!”

ಅವರ ಲೆಕ್ಕವನ್ನು ನಿಮಗೂ ಒಪ್ಪಿಸುತ್ತೇನೆ. 25 ಲಕ್ಷ ಸಾಲ, ಶೇ 8.5 ಬಡ್ಡಿ, 20 ವರ್ಷ. ತಿಂಗಳ ಕಂತು, ಅಂದರೆ ಇಎಂಐ, 21,696 ರೂಪಾಯಿ. ಕೊನೆಯ ಕಂತು ಕಟ್ಟಿ ಕೈ ತೊಳೆದುಕೊಳ್ಳುವಾಗ ಬ್ಯಾಂಕಿಗೆ ಹೋಗಿರುವುದು 52 ಲಕ್ಷ 7 ಸಾವಿರ. ಅಸಲು 25, ಬಡ್ಡಿ 27 ಲಕ್ಷದ ಮೇಲೆ. ಒಂದು ಮನೆ ಕಟ್ಟಿದಿರಿ, ಇನ್ನೊಂದು ಮನೆಯಷ್ಟು ದುಡ್ಡನ್ನು ಬ್ಯಾಂಕಿಗೆ ಕೊಟ್ಟಿರಿ.

“ಇದು ದೊಡ್ಡದಲ್ಲ ಬಿಡಿ. ಇಲ್ಲಿ ನೋಡಿ,” ಎಂದು ಮೇಷ್ಟ್ರು ಪತ್ರಿಕೆಯ ಕೆಳಗಿನ ಮೂಲೆಗೆ ಬೆರಳಿಟ್ಟರು. ಮೊದಲ ತಿಂಗಳ 21,696ರಲ್ಲಿ ಬಡ್ಡಿಗೇ ಹೋಗುವುದು 17,708. ಅಸಲಿಗೆ ಸೇರುವುದು ನಾಲ್ಕು ಸಾವಿರಕ್ಕೂ ಹನ್ನೆರಡು ರೂಪಾಯಿ ಕಡಿಮೆ. ಐದು ವರ್ಷ ಒಂದು ಕಂತೂ ತಪ್ಪಿಸದೆ ಕಟ್ಟಿದರೆ ಒಟ್ಟು 13 ಲಕ್ಷ ಕಟ್ಟಿರುತ್ತೀರಿ. ಅಷ್ಟು ಹೊತ್ತಿಗೆ ಅಸಲು ಇಳಿದಿರುವುದು 2 ಲಕ್ಷ 97 ಸಾವಿರ. ಇನ್ನೂ 22 ಲಕ್ಷ ಬಾಕಿ. ಅಸಲು ಅರ್ಧ ತೀರುವುದು ಹತ್ತನೇ ವರ್ಷಕ್ಕೆ ಎಂದು ನಾನು ತಿಳಿದಿದ್ದೆ. ಅಲ್ಲವಂತೆ, ಹದಿಮೂರು ವರ್ಷ ಹತ್ತು ತಿಂಗಳಾಗಬೇಕಂತೆ. ಇದರಲ್ಲಿ ಬ್ಯಾಂಕಿನ ಮೋಸವೇನೂ ಇಲ್ಲ. ಬಾಕಿ ಇರುವ ಅಸಲಿಗೆ ಬಡ್ಡಿ. ಮೊದಮೊದಲು ಬಾಕಿ ದೊಡ್ಡದು, ಆದ್ದರಿಂದ ಬಡ್ಡಿಯೂ ದೊಡ್ಡದು. ಲೆಕ್ಕ ನೇರವಾಗಿದೆ. ನಮ್ಮ ಕಣ್ಣಿಗೆ ಬೀಳುವುದು ಇಎಂಐ ಒಂದೇ, ಅದರ ಹೊಟ್ಟೆಯೊಳಗಿರುವುದು ಕಾಣುವುದಿಲ್ಲ, ಅಷ್ಟೇ.

ಮೇಷ್ಟ್ರಿಗೆ ಗಣಿತದ ಜೊತೆ ಧರ್ಮಶಾಸ್ತ್ರದ ಹುಚ್ಚೂ ಇದೆ. “ಹಳೇ ಕಾಲದಲ್ಲಿ ಬಡ್ಡಿ ಅಸಲನ್ನ ಮೀರೋ ಹಾಗಿರ್ಲಿಲ್ಲ, ಗೊತ್ತೇನ್ರೀ? ದಾಮ್‌ದುಪಟ್ ಅಂತ. ಮನು ಹೇಳಿದ್ದಾನೆ. ಮುಂಬೈ ಪ್ರಾಂತ್ಯದ ಕೋರ್ಟುಗಳು ಬ್ರಿಟಿಷರ ಕಾಲದಲ್ಲೂ ಅದನ್ನ ಎತ್ತಿಹಿಡಿದವು,” ಎಂದರು. ಧರ್ಮಶಾಸ್ತ್ರಕ್ಕೆ ಮಿತಾಕ್ಷರ ಎಂಬ ವ್ಯಾಖ್ಯಾನ ಬರೆದ ವಿಜ್ಞಾನೇಶ್ವರ ಕಲ್ಯಾಣದ ಚಾಲುಕ್ಯ ವಿಕ್ರಮಾದಿತ್ಯನ ಆಶ್ರಯದಲ್ಲಿದ್ದವನು, ನಮ್ಮ ಕನ್ನಡನಾಡಿನವನೇ ಎಂದು ಒಂದು ಸುತ್ತು ಹೆಮ್ಮೆಯೂ ಆಯಿತು. ಹಾಗಾದರೆ 25 ಲಕ್ಷಕ್ಕೆ 27 ಲಕ್ಷ ಬಡ್ಡಿ ತಿನ್ನುವುದು ಶಾಸ್ತ್ರವಿರೋಧವಲ್ಲವೇ ಎಂದು ನಾನು ಹುರುಪಿನಿಂದ ಕೇಳಿದೆ. ಮೇಷ್ಟ್ರು ತಲೆಯಾಡಿಸಿದರು. ಆ ನಿಯಮ ಒಂದೇ ಸಲಕ್ಕೆ ವಸೂಲು ಮಾಡುವ ಬಡ್ಡಿಗಂತೆ. ತಿಂಗಳು ತಿಂಗಳಿಗೆ ಕಿತ್ತುಕೊಳ್ಳುವ ಬಡ್ಡಿ ಅದರ ಕೈಗೆ ಸಿಗುವುದಿಲ್ಲವಂತೆ. ಬ್ಯಾಂಕಿನವರು ಮನುವನ್ನೂ ಓದಿಕೊಂಡೇ ಬಂದಿದ್ದಾರೆ.

ಇಷ್ಟರಲ್ಲಿ ಒಳಗಿನಿಂದ ನಮ್ಮಾಕೆಯ ದನಿ: “ಬಾಡಿಗೆ ಮನೇಲಿದ್ರೆ ಬಾಡಿಗೆ ಕಟ್ಟಲ್ವೇನ್ರೀ? ಇಪ್ಪತ್ತು ವರ್ಷ ಬಾಡಿಗೆ ಕಟ್ಟಿದ್ರೆ ಕೊನೇಗೆ ಏನುಳಿಯುತ್ತೆ?” ನ್ಯಾಯವಾದ ಪ್ರಶ್ನೆ. ಬಡ್ಡಿಯ ಮೊತ್ತ ನೋಡಿ ಎದೆ ಬಡಿದುಕೊಳ್ಳುವವರು ಇದಕ್ಕೆ ಉತ್ತರಿಸಲೇಬೇಕು. ನಮ್ಮ ಬೀದಿಯಲ್ಲಿ ಅಂಥ ಮನೆಗೆ ಬರುವ ಬಾಡಿಗೆ ಆ ಇಎಂಐಯ ಅರ್ಧವೂ ಆಗುವುದಿಲ್ಲ. ಬೆಂಗಳೂರಿನ ಲೆಕ್ಕ ಬೇರೆ, ಅಲ್ಲಿನ ಬಾಡಿಗೆಗೆ ತಲೆಬುಡವಿಲ್ಲ. ಕಡೂರು, ಬೀರೂರಿನಂಥ ಊರಿನಲ್ಲಿ ಬರೀ ದುಡ್ಡಿನ ತಕ್ಕಡಿಯಲ್ಲಿಟ್ಟರೆ ಬಾಡಿಗೆ ಮನೆಯೇ ಗೆಲ್ಲುತ್ತದೆ. ನಮ್ಮಾಕೆ ಒಪ್ಪಲಿಲ್ಲ. “ಗೋಡೆಗೆ ಒಂದು ಮೊಳೆ ಹೊಡೀಬೇಕಾದ್ರೂ ಓನರ್ರನ್ನ ಕೇಳ್ಬೇಕು. ಅದಕ್ಕೆಷ್ಟು ಹಾಕ್ತೀರಿ ನಿಮ್ಮ ಲೆಕ್ಕದಲ್ಲಿ?” ಮೇಷ್ಟ್ರ ಲಗ್ನಪತ್ರಿಕೆಯಲ್ಲಿ ಅದಕ್ಕೆ ಕಾಲಂ ಇರಲಿಲ್ಲ.

ನನ್ನ ಅಭಿಪ್ರಾಯವನ್ನು ಇಲ್ಲೇ ಹೇಳಿಬಿಡುತ್ತೇನೆ. ಮನೆ ಸಾಲ ಮಾಡಬಾರದು ಎನ್ನುವವರ ಪೈಕಿ ನಾನಲ್ಲ. ಅಪ್ಪ ಬಿಟ್ಟುಹೋದ ಮನೆಯಲ್ಲಿ ಕೂತು ಹಾಗೆ ಹೇಳುವುದು ಸುಲಭ. ಸಾಲವಿಲ್ಲದೆ ಸಂಬಳದವನೊಬ್ಬ ಮನೆ ಕಟ್ಟುವುದು ಈಗ ಆಗದ ಮಾತು. ಆದರೆ ನಮ್ಮ ಜನ ಬಡ್ಡಿಯ ದರದ ಮೇಲೆ ಜಗಳಕ್ಕೆ ನಿಲ್ಲುತ್ತಾರೆ, ಅವಧಿಯನ್ನು ಮಾತ್ರ ಮ್ಯಾನೇಜರ್ ಹೇಳಿದಷ್ಟೇ ಎಂದು ಒಪ್ಪಿಬಿಡುತ್ತಾರೆ. ಎಂಟೂವರೆಯನ್ನು ಎಂಟೂಕಾಲು ಮಾಡಿ ಎಂದು ಮೂರು ಬ್ಯಾಂಕು ಸುತ್ತುವ ಮನುಷ್ಯ, ‘ಇಪ್ಪತ್ತು ಯಾಕೆ, ಮೂವತ್ತು ವರ್ಷ ಹಾಕ್ತೀನಿ, ಕಂತು ಹಗುರಾಗುತ್ತೆ’ ಎಂದರೆ ಕೈಮುಗಿದು ಸಹಿ ಹಾಕುತ್ತಾನೆ.

ಹಗುರಾಗುವುದು ಎಷ್ಟು? ಅದೇ 25 ಲಕ್ಷಕ್ಕೆ ಮೂವತ್ತು ವರ್ಷವಾದರೆ ಕಂತು 19,223. ತಿಂಗಳಿಗೆ ಉಳಿದದ್ದು ಎರಡೂವರೆ ಸಾವಿರಕ್ಕೂ ಕಡಿಮೆ. ಬಡ್ಡಿ ಮಾತ್ರ 27 ಲಕ್ಷದಿಂದ 44 ಲಕ್ಷಕ್ಕೆ ಏರಿತು. ಅದೇ ಈ ಕಡೆಗೆ ಬನ್ನಿ, ಹದಿನೈದು ವರ್ಷ ಮಾಡಿ: ಕಂತು 24,618, ತಿಂಗಳಿಗೆ ಸುಮಾರು 2,900 ಹೆಚ್ಚು, ಬಡ್ಡಿ 19 ಲಕ್ಷ ಚಿಲ್ಲರೆಗೆ ಇಳಿಯುತ್ತದೆ. ಏಳೂಮುಕ್ಕಾಲು ಲಕ್ಷ ಉಳಿತಾಯ. ದರದಲ್ಲಿ ಕಾಲು ಪರ್ಸೆಂಟಿಗೆ ಹಲ್ಲುಕಚ್ಚಿ ಚೌಕಾಸಿ ಮಾಡಿದ್ದರೂ ಇದರ ಹತ್ತಿರಕ್ಕೂ ಬರುತ್ತಿರಲಿಲ್ಲ.

“ಕಡೂರು ಜಿಲ್ಲೆ ಇದ್ದ ಹಾಗೆ ಕಣ್ರೀ ಸಾಲದ ಮನೆ,” ಎಂದರು ಮೇಷ್ಟ್ರು. ನನಗೆ ತಿಳಿಯಲಿಲ್ಲ. “1947ರವರೆಗೂ ಈ ಜಿಲ್ಲೆಗೆ ಕಡೂರು ಜಿಲ್ಲೆ ಅಂತಲೇ ಹೆಸರು. ಜಿಲ್ಲಾ ಕಚೇರಿ, ದಫ್ತರ ಎಲ್ಲ ಚಿಕ್ಕಮಗಳೂರಲ್ಲಿ. ಹೆಸರು ನಮ್ಮದು, ಕಾಗದ ಅವರದು. ಮನೆ ಮುಂದೆ ನಿಮ್ಮ ಹೆಸರಿನ ಬೋರ್ಡು, ಕ್ರಯಪತ್ರ ಬ್ಯಾಂಕಿನ ಬೀರುವಿನಲ್ಲಿ.” ಮೇಷ್ಟ್ರು ಬೇಲಿಯ ಒಂದು ಒಣಗಿದ ಕಡ್ಡಿ ಮುರಿದು, ತಾವೇ ನಕ್ಕು, ಒಳಗೆ ಹೋದರು.

ಕಾಫಿ ಕುಡಿದು ಮತ್ತೆ ಬಂದಾಗ ತರೀಕೆರೆಯ ಬೀಗರ ಮಾತೆತ್ತಿದರು. ಬೀಗರಿಗೆ ಅಡಿಕೆ ತೋಟ. ಮಗ ಸರ್ಕಾರಿ ನೌಕರ, ಪೇಟೆಯಲ್ಲಿ ಮನೆ ಕಟ್ಟಿಸಿದ್ದಾನೆ. ಎಸ್ಟಿಮೇಟು ಒಂದು, ಕಟ್ಟಿ ಮುಗಿಸಿದ್ದು ಇನ್ನೊಂದು. ಇದು ಜಗತ್ತಿನ ಎಲ್ಲ ಮನೆಗಳ ಕಥೆ. ಬ್ಯಾಂಕಿನವರು ದುಡ್ಡನ್ನು ಒಟ್ಟಿಗೆ ಕೊಡುವುದಿಲ್ಲ. ತಳಪಾಯಕ್ಕಿಷ್ಟು, ಲಿಂಟಲ್ ಮಟ್ಟಕ್ಕಿಷ್ಟು, ತಾರಸಿಗೆ ಇಷ್ಟು ಎಂದು ಬಿಡುತ್ತಾರೆ. ಪೂರ್ತಿ ಸಾಲ ಬಿಡುಗಡೆಯಾಗಿ ಇಎಂಐ ಶುರುವಾಗುವ ತನಕ ಕಟ್ಟುವುದು ಬರೀ ಬಡ್ಡಿ, ಅಸಲಿಗೆ ಒಂದು ಪೈಸೆಯೂ ಹೋಗುವುದಿಲ್ಲ. ಬೀಗರ ಮನೆಗೆ ಮರಳು ಸಿಗಲಿಲ್ಲ, ಗಾರೆಯವರು ಕೈಕೊಟ್ಟರು, ಆಷಾಢ ಬಂತು. ಹೀಗೆ ಎರಡು ವರ್ಷ ಎಳೆಯಿತು. ಅಷ್ಟು ದಿನವೂ ಒಂದು ಕಡೆ ಬಾಡಿಗೆ, ಒಂದು ಕಡೆ ಬಡ್ಡಿ.

ಆಮೇಲೆ ಗೃಹಪ್ರವೇಶ. ನಮ್ಮಲ್ಲಿ ಮನೆ ಸಾಲದ ನಿಜವಾದ ವಿಷ ಇರುವುದು ಇಲ್ಲಿ ಎಂದು ನನ್ನ ಗುಮಾನಿ. ಬ್ಯಾಂಕಿನ ಸಾಲ ಟೈಲ್ಸ್ ಹಾಕುವಷ್ಟರಲ್ಲಿ ಮುಗಿದಿರುತ್ತದೆ. ಬಾಗಿಲಿಗೆ ತೇಗವೇ ಆಗಬೇಕು, ಅಡುಗೆಮನೆಗೆ ಮಾಡ್ಯುಲರ್ ಆಗಬೇಕು, ಬಂಧುಬಳಗಕ್ಕೆ ಊಟ ಹಾಕಬೇಕು. ಅದಕ್ಕೆಲ್ಲ ಬರುವುದು ಎರಡು ರೂಪಾಯಿ ಬಡ್ಡಿಯ ಕೈಸಾಲ. ಹೋಳಿಗೆ ಊಟ ಒಂದು ಮಧ್ಯಾಹ್ನ, ಅದರ ಬಡ್ಡಿ ಮೂರು ವರ್ಷ. ಬ್ಯಾಂಕಿನ ಕಾಗದದಲ್ಲಿ ಇದು ಎಲ್ಲೂ ಕಾಣುವುದಿಲ್ಲ. ‘ನಮ್ಮ ಮನೆ ಸಾಲ ಎಂಟೂವರೆ’ ಎನ್ನುವವರ ಒಟ್ಟು ಸಾಲದ ಸರಾಸರಿ ತೆಗೆದರೆ ಹನ್ನೊಂದೋ ಹನ್ನೆರಡೋ ಇದ್ದೀತು.

ಬೀಗರ ಮಗನ ಫೈಲಿನಲ್ಲಿ ಇನ್ನೊಂದು ಚೀಟಿ ಇತ್ತಂತೆ. ಸಾಲದ ವಿಮೆ, 75 ಸಾವಿರ ಪ್ರೀಮಿಯಂ. ‘ಕೈಯಿಂದ ಕೊಡ್ಬೇಕಾಗಿಲ್ಲ ಸಾರ್, ಲೋನಿಗೇ ಸೇರಿಸ್ತೀವಿ’ ಎಂದರೆ ಯಾರಿಗೆ ಬೇಡ? ಸಾಲಕ್ಕೆ ಸೇರಿದ 75 ಸಾವಿರ ಇಪ್ಪತ್ತು ವರ್ಷದಲ್ಲಿ 1 ಲಕ್ಷ 56 ಸಾವಿರವಾಗುತ್ತದೆ. ವಿಮೆ ಬೇಡವೆಂದಲ್ಲ. ಮನೆ ದುಡಿಯುವ ಒಬ್ಬನ ತಲೆಯ ಮೇಲೆ ನಿಂತಿದ್ದರೆ ಬೇಕೇ ಬೇಕು. ಆದರೆ ಬ್ಯಾಂಕು ತೋರಿಸಿದ ಕಂಪನಿಯದನ್ನೇ ಕೊಳ್ಳಬೇಕೆಂಬ ಕಾನೂನಿಲ್ಲ. ಹೊರಗೆ ಟರ್ಮ್ ವಿಮೆ ಮಾಡಿಸಿ ವರ್ಷ ವರ್ಷ ಕಟ್ಟಿಕೊಂಡು ಹೋಗಬಹುದು. ಇದರ ಜೊತೆಗೆ ಪ್ರೊಸೆಸಿಂಗ್ ಶುಲ್ಕ, ವಕೀಲರ ಅಭಿಪ್ರಾಯ, ಇಂಜಿನಿಯರ ಮೌಲ್ಯಮಾಪನ, ಅಡಮಾನದ ನೋಂದಣಿ. ಸೈಟು ಕೊಳ್ಳುವವರಿಗೆ ನಮ್ಮ ರಾಜ್ಯ 2025ರ ಆಗಸ್ಟ್ 31ರಿಂದ ನೋಂದಣಿ ಶುಲ್ಕವನ್ನು ಶೇ 1ರಿಂದ 2ಕ್ಕೆ ಏರಿಸಿದೆ, ಮುದ್ರಾಂಕ ಶುಲ್ಕ ಬೇರೆ. ಇವಕ್ಕೆ ಬ್ಯಾಂಕು ಸಾಮಾನ್ಯವಾಗಿ ಸಾಲ ಕೊಡುವುದಿಲ್ಲ. ಕೈಯಲ್ಲಿಲ್ಲದಿದ್ದರೆ ಮತ್ತೆ ಎರಡು ರೂಪಾಯಿಯವರ ಮನೆ ಬಾಗಿಲು.

ಆದರೂ ತರೀಕೆರೆಯವರಿಗೆ ಒಂದು ಅನುಕೂಲವಿದೆ, ಸಂಬಳದವರಿಗೆ ಇಲ್ಲದ್ದು. ವರ್ಷಕ್ಕೊಮ್ಮೆ ಗಂಟು ದುಡ್ಡು ಕಾಣುತ್ತಾರೆ. ಅಡಿಕೆ ಖೇಣಿಗೆ ಕೊಟ್ಟಾಗಲೋ ಒಣಗಿಸಿ ಮಾರಿದಾಗಲೋ ಒಟ್ಟಿಗೆ ಬರುತ್ತದೆ. ಕಡೂರು ಕಡೆಯ ತೆಂಗಿನವರಿಗೆ ಕೊಬ್ಬರಿ ರೇಟು ಏರಿದ ವರ್ಷ ಹಾಗೇ. ಆ ದುಡ್ಡು ಬಂದಾಗ ಏನಾಗುತ್ತದೆ? ಒಂದಷ್ಟು ಒಡವೆ, ಒಂದಷ್ಟು ಬೈಕು, ಮಿಕ್ಕಿದ್ದು ಪುಡಿಗಾಸಿನ ಬಡ್ಡಿಗೆ ಎಸ್‌ಬಿ ಖಾತೆಯಲ್ಲಿ. ಅದೇ ಮನುಷ್ಯ ಪಕ್ಕದ ಕೌಂಟರಿನಲ್ಲಿ ಎಂಟೂವರೆಗೆ ಸಾಲಗಾರ. ವರ್ಷಕ್ಕೊಂದು ಕಂತಿನಷ್ಟು, ಅಂದರೆ 21,696 ರೂಪಾಯಿಯನ್ನು ಹೆಚ್ಚುವರಿಯಾಗಿ ಅಸಲಿಗೆ ಕಟ್ಟಿದರೆ ಇಪ್ಪತ್ತು ವರ್ಷದ ಸಾಲ ಮೂರು ವರ್ಷಕ್ಕೂ ಹೆಚ್ಚು ಮುಂಚೆ ಮುಗಿದು ಐದು ಲಕ್ಷದ ಮೇಲೆ ಬಡ್ಡಿ ಉಳಿಯುತ್ತದೆ. ಒಂದಿಷ್ಟು ಅಡಿಕೆ ಚೀಲದ ಮಾತು, ಅಷ್ಟೇ. ಬದಲಾಗುವ ದರದ (ಫ್ಲೋಟಿಂಗ್) ಮನೆ ಸಾಲವನ್ನು ಮುಂಚಿತವಾಗಿ ತೀರಿಸಿದರೆ ದಂಡ ಹಾಕುವಂತಿಲ್ಲ ಎಂದು ರಿಸರ್ವ್ ಬ್ಯಾಂಕು 2012ರಲ್ಲೇ ಬ್ಯಾಂಕುಗಳಿಗೆ ಹೇಳಿದೆ. ಗೊಬ್ಬರಕ್ಕೆ, ಕೊಯ್ಲಿಗೆ ಮತ್ತೆ ದುಡ್ಡು ಬೇಕಾದೀತು ಎಂದು ಹೆದರುವವರಿಗೆ ಓವರ್‌ಡ್ರಾಫ್ಟ್ ಮಾದರಿಯ ಮನೆ ಸಾಲವಿದೆ. ಬಂದ ದುಡ್ಡನ್ನು ಅದರಲ್ಲೇ ಇಟ್ಟರೆ ಅಷ್ಟಕ್ಕೆ ಬಡ್ಡಿ ಬೀಳುವುದಿಲ್ಲ, ಬೇಕಾದಾಗ ತೆಗೆಯಬಹುದು. ದರ ಒಂದು ಚೂರು ಹೆಚ್ಚಿರುತ್ತದೆ. ತೋಟದವರಿಗೆ ಹೇಳಿ ಮಾಡಿಸಿದ ಹಾಗಿದೆ, ನಮ್ಮ ಕಡೆ ಕೇಳುವವರೇ ಕಡಿಮೆ.

ಈಗ ಅಜ್ಜಂಪುರದ ಹುಡುಗನ ಕಥೆ. 2018ರಲ್ಲಿ ಅಜ್ಜಂಪುರ ಹೊಸ ತಾಲ್ಲೂಕಾದ ಮೇಲೆ ಈರುಳ್ಳಿ ಹೊಲಗಳು ಕನಸು ಕಾಣತೊಡಗಿದವು. ಹೊಲದಲ್ಲಿ ನಾಲ್ಕು ಕಲ್ಲು ನೆಟ್ಟು, ಜಲ್ಲಿ ಸುರಿದು ‘ಬಡಾವಣೆ’ ಎಂದರೆ ಆಯಿತು. ಇತ್ತ ಕಡೂರು, ಬೀರೂರು, ತರೀಕೆರೆಯ ಹೆದ್ದಾರಿಯುದ್ದಕ್ಕೂ ತೆಂಗಿನ ಮರದ ನಡುವೆ ಇಂಥ ಬೋರ್ಡುಗಳು ಕಾಣುತ್ತವೆ. ಹುಡುಗ ನೋಡಿದ ಸೈಟು ಅಂಥದ್ದೇ. ಭೂಪರಿವರ್ತನೆ ಆಗಿಲ್ಲ, ನಕ್ಷೆಗೆ ಮಂಜೂರಾತಿ ಇಲ್ಲ. ಬ್ಯಾಂಕಿನ ವಕೀಲರು ಫೈಲು ತಿರುವಿಹಾಕಿ ವಾಪಸು ಕೊಟ್ಟರು. ಎಂಟೂವರೆಯ ಸಾಲ ಅಲ್ಲಿಗೆ ನಿಂತಿತು. ಆಗ ಬಂದವರು ಒಂದು ಫೈನಾನ್ಸ್ ಕಂಪನಿಯವರು. ‘ನಾವು ಕೊಡ್ತೀವಿ ಸಾರ್, ಹದಿನಾಲ್ಕು ಪರ್ಸೆಂಟು, ಹದಿನೈದು ವರ್ಷ.’

ಮೇಷ್ಟ್ರು ಇದಕ್ಕೂ ಒಂದು ಹಳೆಯ ಪತ್ರಿಕೆ ತೆಗೆದರು. ಈ ಸಲದ್ದು ನಾಮಕರಣದ್ದು. ಹತ್ತು ಲಕ್ಷಕ್ಕೆ ಶೇ 8.5ರಂತೆ ಹದಿನೈದು ವರ್ಷ ಕಟ್ಟಿದರೆ ಒಟ್ಟು 17 ಲಕ್ಷ 73 ಸಾವಿರ. ಶೇ 14ರಂತೆ ಕಟ್ಟಿದರೆ 23 ಲಕ್ಷ 97 ಸಾವಿರ. ವ್ಯತ್ಯಾಸ ಆರೂಕಾಲು ಲಕ್ಷ. “ಸೈಟು ಎರಡು ಲಕ್ಷ ಸೋವಿ ಅಂತ ಹಾರಾಡ್ತಿದ್ದಾನಲ್ಲ, ಅದರ ನಿಜವಾದ ರೇಟು ಇದು. ಪರಿವರ್ತನೆ ಆದ ಸೈಟು ಮೂರು ಲಕ್ಷ ಜಾಸ್ತಿ ಅಂದ್ರೂ ಅದೇ ಅಗ್ಗ,” ಎಂದರು. ಪಂಚಾಯಿತಿ ವ್ಯಾಪ್ತಿಯಾದರೆ ಇ-ಸ್ವತ್ತಿನ ನಮೂನೆ 9 ಮತ್ತು 11ಎ, ಪಟ್ಟಣವಾದರೆ ಇ-ಖಾತೆ; ಇವನ್ನು ನೋಡದೆ ಮುಂಗಡ ಕೊಟ್ಟವನು ಸೈಟಿನ ಬೆಲೆಯ ಜೊತೆ ಇನ್ನೊಂದು ಬೆಲೆಯನ್ನೂ ಒಪ್ಪಿಕೊಂಡ ಹಾಗೆ. ಮಂಜೂರಾತಿ ಇಲ್ಲದ ಸೈಟಿಗೆ ಕೊಡುವ 11ಬಿ ಮಾತ್ರ ಇದೆ ಎಂದರೆ ಬ್ಯಾಂಕಿನ ಮುಖ ಏನಾಗುತ್ತದೆ ಎಂದು ಮೊದಲು ಹೋಗಿ ನೋಡಿಕೊಂಡು ಬರುವುದು ಒಳ್ಳೆಯದು.

ಹುಡುಗ ಚುರುಕು. ಭಾನುವಾರ ಬಂದವನು ಬೇಲಿಯ ಹತ್ತಿರವೇ ವಾದಕ್ಕೆ ನಿಂತ. “ಮಾವ, ನೀವು ದುಡ್ಡಿನ ಬೆಲೆ ಇಳಿಯೋದನ್ನೇ ಹಿಡಿದಿಲ್ಲ. ಇಪ್ಪತ್ತು ವರ್ಷ ಆದ್ಮೇಲೆ 21 ಸಾವಿರ ಅಂದ್ರೆ ಏನು ಮಹಾ? ಸಂಬಳ ಏರುತ್ತೆ, ಕಂತು ಅಲ್ಲೇ ಇರುತ್ತೆ.” ಇದೂ ಸುಳ್ಳಲ್ಲ. ಬೆಲೆಗಳು ವರ್ಷಕ್ಕೆ ಶೇ 5ರಂತೆ ಏರಿದರೆ ಇಪ್ಪತ್ತನೇ ವರ್ಷದ 21,696 ಇವತ್ತಿನ ಎಂಟು ಸಾವಿರಕ್ಕೆ ಸಮ. ಆದ್ದರಿಂದ 27 ಲಕ್ಷವನ್ನು ಇವತ್ತಿನ 27 ಲಕ್ಷ ಎಂದು ಕಲ್ಪಿಸಿಕೊಂಡು ಹೆದರುವುದು ತಪ್ಪು. ಮೇಷ್ಟ್ರು ಶಿಷ್ಯನ ಉತ್ತರಕ್ಕೆ ಅರ್ಧ ಅಂಕ ಕೊಟ್ಟರು. “ತುಟ್ಟಿಭತ್ಯೆ ಬರೋರಿಗೆ ನಿನ್ನ ಮಾತು ಸರಿ ಕಣೋ. ನಿನ್ನ ಖಾಸಗಿ ಕೆಲಸ ಇಪ್ಪತ್ತು ವರ್ಷ ಇರುತ್ತೆ ಅಂತ ಬರೆದು ಕೊಟ್ಟಿದ್ದಾರಾ? ಈರುಳ್ಳಿ ಬೆಳೆಯೋ ನಿಮ್ಮಪ್ಪನ್ನ ಕೇಳು, ರೇಟು ಪ್ರತಿ ವರ್ಷ ಐದು ಪರ್ಸೆಂಟು ಏರುತ್ತಾ ಅಂತ.”

“ಮತ್ತೆ ಕಂತು ಅಲ್ಲೇ ಇರುತ್ತೆ ಅಂದ್ಯಲ್ಲ,” ಎಂದು ಮೇಷ್ಟ್ರು ಬಿಡಲಿಲ್ಲ. ಈಗಿನ ಮನೆ ಸಾಲಗಳು ಹೆಚ್ಚಾಗಿ ರಿಸರ್ವ್ ಬ್ಯಾಂಕಿನ ರೆಪೊ ದರಕ್ಕೆ ಕಟ್ಟಿದವು. 2022ರ ಮೇ ತಿಂಗಳಿಗೆ ಮೊದಲು ರೆಪೊ ಶೇ 4 ಇತ್ತು. 2023ರ ಫೆಬ್ರುವರಿ ಹೊತ್ತಿಗೆ ಶೇ 6.5. ಒಂಬತ್ತು ತಿಂಗಳಿನಲ್ಲಿ ಎರಡೂವರೆ ಪರ್ಸೆಂಟು! ಏಳು ಪರ್ಸೆಂಟಿಗೆ 25 ಲಕ್ಷ ತಂದವನ ಕಂತು 19,382. ಒಂದೂವರೆ ವರ್ಷ ಕಟ್ಟಿದ ಮೇಲೆ ದರ ಒಂಬತ್ತೂವರೆಯಾಯಿತು ಎಂದಿಟ್ಟುಕೊಳ್ಳಿ. ಬಾಕಿ 24 ಲಕ್ಷ 9 ಸಾವಿರ. ಅದರ ತಿಂಗಳ ಬಡ್ಡಿಯೇ 19,073. ಕಂತು ಅಷ್ಟೇ ಇಟ್ಟರೆ ಅಸಲಿಗೆ ಹೋಗುವುದು 309 ರೂಪಾಯಿ. ಆ ವೇಗದಲ್ಲಿ ಸಾಲ ತೀರಲು ಇನ್ನೂ ನಲವತ್ತಮೂರು ವರ್ಷ ಮೀರಿ ಹಿಡಿಯುತ್ತದೆ. ಆಗ ಎಷ್ಟೋ ಜನರಿಗೆ ಬ್ಯಾಂಕು ಕಂತು ಏರಿಸಲಿಲ್ಲ, ಅವಧಿ ಎಳೆಯಿತು. ಖಾತೆಯಿಂದ ಕತ್ತರಿಸುವ ಮೊತ್ತ ಬದಲಾಗದ್ದರಿಂದ ಅವರಿಗೆ ಗೊತ್ತೇ ಆಗಲಿಲ್ಲ. ನಿವೃತ್ತಿಯ ಆಚೆಗೆ ಹೋದ ಸಾಲಗಳು ಎಷ್ಟೋ. ಕೊನೆಗೆ 2023ರ ಆಗಸ್ಟಿನಲ್ಲಿ ರಿಸರ್ವ್ ಬ್ಯಾಂಕು ನಿಯಮ ತಂದಿತು: ದರ ಬದಲಾದಾಗ ಸಾಲಗಾರನಿಗೆ ತಿಳಿಸಬೇಕು, ಕಂತು ಏರಿಸುವುದೋ ಅವಧಿ ಏರಿಸುವುದೋ ಆಯ್ಕೆ ಕೊಡಬೇಕು, ಕಟ್ಟಿದ ಕಂತು ಬಡ್ಡಿಗೂ ಸಾಲದೆ ಬಾಕಿ ಬೆಳೆಯುವ ಹಾಗೆ ಮಾಡಬಾರದು. ಆಮೇಲೆ 2025ರಲ್ಲಿ ರೆಪೊ ಇಳಿಯತೊಡಗಿತು. ಏರಿದಾಗ ನಮಗೆ ಮುಟ್ಟಿದಷ್ಟು ಬೇಗ ಇಳಿದದ್ದು ಮುಟ್ಟಿದೆಯೇ ಎಂದು ಪಾಸ್‌ಬುಕ್ಕು ಹಿಡಿದು ಕೇಳಿದವರು ನಮ್ಮ ಬೀದಿಯಲ್ಲಿ ಯಾರೂ ಇದ್ದಂತಿಲ್ಲ.

ಹುಡುಗನಿಗೆ ಆಡಿಟರೊಬ್ಬರು ಹೇಳಿದ್ದರಂತೆ, ತೆರಿಗೆ ಉಳಿಯುತ್ತದೆ, ಸಾಲ ಬೇಗ ತೀರಿಸಬೇಡ ಎಂದು. ಹಳೆಯ ಮಾತು. ವಾಸದ ಮನೆಯ ಎರಡು ಲಕ್ಷದವರೆಗಿನ ಬಡ್ಡಿಗೆ ವಿನಾಯಿತಿ ಇರುವುದು ಹಳೆಯ ತೆರಿಗೆ ಪದ್ಧತಿಯಲ್ಲಿ, ಹೊಸದರಲ್ಲಿ ಇಲ್ಲ. ತೋಟದ ಆದಾಯಕ್ಕಂತೂ ಆದಾಯ ತೆರಿಗೆಯೇ ಇಲ್ಲ, ಉಳಿಸುವುದೇನನ್ನು?

ನಮ್ಮ ಸೀಮೆಯವರಿಗೆ ಸಾಲದ ವಿಷಯದಲ್ಲಿ ಒಂದು ಹಳೆಯ ಧೈರ್ಯವಿದೆ, ಅದು ಇಲ್ಲಿ ಕೆಲಸಕ್ಕೆ ಬಾರದು. ಮೈಸೂರು ಸಂಸ್ಥಾನದಲ್ಲಿ 1929ರಲ್ಲಿ ಭೂ ಅಡಮಾನ ಬ್ಯಾಂಕು ಶುರುವಾಯಿತು. ಈಗಿನ ಪಿಎಲ್‌ಡಿ ಬ್ಯಾಂಕುಗಳು ಅದೇ ವಂಶದವು. ಜಮೀನು ಅಡವಿಟ್ಟು ಸಾಲ ತಂದದ್ದೂ ಉಂಟು, ಮನ್ನಾಕ್ಕೆ ಕಾದದ್ದೂ ಉಂಟು. 1990ರಲ್ಲಿ ಹತ್ತು ಸಾವಿರದವರೆಗೆ, 2008ರಲ್ಲಿ ಕೇಂದ್ರದಿಂದ, 2018ರಲ್ಲಿ ರಾಜ್ಯದಿಂದ. ರೈತರ ಸಾಲಕ್ಕೆ ಕಾಲಕಾಲಕ್ಕೆ ಮನ್ನಾ ಬಂದಿದೆ. ಸೊಸೈಟಿಯಲ್ಲಿ ಬೆಳೆ ಸಾಲ ಈಗ ಐದು ಲಕ್ಷದವರೆಗೆ ಬಡ್ಡಿಯಿಲ್ಲದೆ ಸಿಗುತ್ತದೆ. ಈ ರೂಢಿಯಲ್ಲಿ ಬೆಳೆದವರು ಮನೆ ಸಾಲವನ್ನೂ ‘ನೋಡೋಣ ಬಿಡು’ ಎಂದುಕೊಳ್ಳುತ್ತಾರೆ. ಮನೆ ಸಾಲ ಬೆಳೆ ಸಾಲದ ಮನ್ನಾ ಪಟ್ಟಿಗೆ ಸೇರುವುದಿಲ್ಲ. ಕಂತು 90 ದಿನ ಬಾಕಿಯಾದರೆ ವಸೂಲಾಗದ ಸಾಲವೆಂದು ಬರೆದು, 2002ರ ಸರ್ಫೇಸಿ ಕಾಯ್ದೆಯಂತೆ 60 ದಿನದ ನೋಟಿಸು ಕೊಟ್ಟು, ಕೋರ್ಟಿಗೆ ದಾವೆ ಹೂಡದೆಯೇ ಮನೆಯನ್ನು ವಶಕ್ಕೆ ತೆಗೆದುಕೊಳ್ಳಬಹುದು. ಕೃಷಿ ಭೂಮಿಗೆ ಈ ಕಾಯ್ದೆ ಅನ್ವಯಿಸುವುದಿಲ್ಲ. ತೋಟ ಉಳಿಯುತ್ತದೆ, ಮನೆ ಹೋಗುತ್ತದೆ. ಕನ್ನಡ ಪತ್ರಿಕೆಗಳಲ್ಲಿ ಸಣ್ಣ ಅಕ್ಷರದ ಸ್ವಾಧೀನ ಪ್ರಕಟಣೆಗಳನ್ನು ಮೇಷ್ಟ್ರು ಈಗ ದಿನಾ ಓದುತ್ತಾರೆ. ಮೊದಲು ನಿಧನ ವಾರ್ತೆ ಓದುತ್ತಿದ್ದರು.

ಅಕ್ಕನ ಮಗ ಇನ್ನೂ ತೀರ್ಮಾನ ಮಾಡಿಲ್ಲ. ಆ ಸೈಟಿನ ಮುಂಗಡ ವಾಪಸು ಕೇಳುತ್ತಿದ್ದಾನೆ. ಬೇರೆ ಸೈಟು ಸಿಕ್ಕಿದರೆ ಹದಿನೈದು ವರ್ಷಕ್ಕೇ ಹಾಕಿಸು ಎಂದು ಮಾವ ಕಟ್ಟಪ್ಪಣೆ ಮಾಡಿದ್ದಾರೆ. ಗೃಹಪ್ರವೇಶಕ್ಕೆ ಎಷ್ಟು ಜನ ಎಂಬ ಬಗ್ಗೆ ಅವನ ತಾಯಿಗೂ ಮೇಷ್ಟ್ರಿಗೂ ಈಗಲೇ ಜಗಳ ಶುರುವಾಗಿದೆ.

ನೀವೂ ಸಾಲಕ್ಕೆ ಹೊರಟಿದ್ದರೆ ಒಂದು ಮಾತು. 2024ರ ಅಕ್ಟೋಬರ್ 1ರಿಂದ ಪ್ರತಿ ಮನೆ ಸಾಲಕ್ಕೂ ಮುಖ್ಯ ಅಂಶಗಳ ಒಂದು ಹಾಳೆಯನ್ನು, ಕೆಎಫ್‌ಎಸ್ ಎನ್ನುತ್ತಾರೆ, ಸಹಿಗೆ ಮೊದಲೇ ಕೊಡಬೇಕು. ಶುಲ್ಕಗಳೆಲ್ಲ ಸೇರಿದ ವಾರ್ಷಿಕ ದರ, ಕಂತು ಕಂತಿನ ಪಟ್ಟಿ ಅದರಲ್ಲಿರುತ್ತವೆ. ಸಾಲಗಾರನಿಗೆ ಅರ್ಥವಾಗುವ ಭಾಷೆಯಲ್ಲಿ ಇರಬೇಕೆಂಬುದು ನಿಯಮ, ಆದ್ದರಿಂದ ಕನ್ನಡದಲ್ಲೇ ಕೇಳಿ. ನಡುವೆ ದುಡ್ಡು ಕಟ್ಟಿದಾಗ ‘ಕಂತು ಇಳಿಸಬೇಡಿ, ಅವಧಿ ಇಳಿಸಿ’ ಎಂದು ಬರೆದುಕೊಟ್ಟು ಮೊಹರು ಹಾಕಿದ ನಕಲು ಇಟ್ಟುಕೊಳ್ಳಿ. ಸಾಲ ತೀರಿದ 30 ದಿನದೊಳಗೆ ಮೂಲ ಪತ್ರಗಳನ್ನು ಹಿಂದಿರುಗಿಸಬೇಕು. ಬ್ಯಾಂಕಿನ ತಪ್ಪಿನಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ ಅವರೇ ಕೊಡಬೇಕು. ಪತ್ರ ಕೈಗೆ ಬಂತೆಂದು ಮನೆಗೆ ಹೋಗಿಬಿಡಬೇಡಿ. ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ಅಡಮಾನ ಬಿಡುಗಡೆಯನ್ನು ನೋಂದಾಯಿಸಿ, ಇಸಿ (ಋಣಭಾರ ಪ್ರಮಾಣಪತ್ರ) ತೆಗೆಸಿ, ಋಣ ತೀರಿದ್ದು ಅದರಲ್ಲಿ ನಮೂದಾಗಿದೆಯೇ ಎಂದು ಕಣ್ಣಾರೆ ನೋಡಿ.